ಕಣದಲ್ಲಿ ರವಿಕೆ

ಮಂಜು, ಶಶಿ, ಈ ಸಂಗತಿಯನ್ನು ಬಾಯಿಬಿಟ್ಟು ಹೇಳಲು ನನಗೆ ಸಂಕೋಚ. ಅದಕ್ಕೇ ಬರೆದಿಡುತ್ತಿದ್ದೇನೆ.

ಸಾವಿರದ ಒಂಬೈನೂರ ಅರವತ್ತೊಂದು. ನಿಮ್ಮ ತಾತ ತೀರಿಕೊಂಡ ಮೇಲೆ ನನಗೆ ಶಿಡ್ಲಘಟ್ಟ ತಾಲ್ಲೂಕಿನ ದಿಬ್ಬೂರಹಳ್ಳಿ ಕಡೆ ಗ್ರಾಮಸೇವಿಕೆಯ ಕೆಲಸ ಸಿಕ್ಕಿತ್ತು. ಹಳ್ಳಿಯ ಹೆಂಗಸರಿಗೆ ಹೊಲಿಗೆ, ಮಕ್ಕಳ ಆರೈಕೆ ಹೇಳಿಕೊಡುವ ಕೆಲಸ ಅದು. ಕೂಲಿಯ ಮುನಿಯಮ್ಮ ನಲವತ್ತು ದಾಟಿದವಳು, ರವಿಕೆ ತೊಟ್ಟವಳೇ ಅಲ್ಲ. ನನ್ನ ಬಳಿ ಕಲಿತು ಒಂದನ್ನು ಹೊಲಿದುಕೊಂಡಿದ್ದಳು. ನೀಲಿ ಬಟ್ಟೆ ಸಾಲದೆ ಒಂದು ತೋಳು ಕೆಂಪಾಗಿತ್ತು.

ಆ ಸುಗ್ಗಿಯಲ್ಲಿ ಹಳೆಯ ಕಾಲದ ಬೇಸಾಯದ ಮೇಲೆ ಕಿರುಚಿತ್ರ ತೆಗೆಯುವವರು ಬಂದರು. ಸಗಣಿ ಸಾರಿಸಿದ ರಾಗಿ ಕಣವನ್ನು ಬೂಟುಗಾಲಲ್ಲಿ ತುಳಿದು, ಅಲ್ಲೇ ಸಿಗರೇಟು ಸೇದಿ ತುಂಡು ಎಸೆದರು. ಹೊಸ ಕಾಲದ್ದು ಕಾಣಬಾರದೆಂದು ಪಕ್ಕದಲ್ಲಿದ್ದ ಸೈಕಲ್ ಮರೆ ಮಾಡಿಸಿದರು. ಮುನಿಯಮ್ಮ ಹೊಸ ರವಿಕೆ ತೊಟ್ಟು, ಮೊರ ಹಿಡಿದು ರಾಗಿ ತೂರಲು ನಿಂತಳು. ಚಿತ್ರದವರ ಮುಖ್ಯಸ್ಥ ನನ್ನ ಕಡೆ ತಿರುಗಿದ.

"ಆ ರವಿಕೆ ಬೇಡಮ್ಮ. ಹಿಂದೆ ಹೇಗಿದ್ರೋ ಹಾಗೇ ಇರ್ಬೇಕು. ನೀವು ಹೆಂಗಸು, ನೀವೇ ಹೇಳಿ."

ತಲೆಯೆತ್ತಿ ಮಾತಾಡಿದವಳಲ್ಲ ನಾನು. ಆದರೂ "ಆ ಮಾತು ನನ್ನ ಬಾಯಲ್ಲಿ ಬರಲ್ಲ" ಎಂದೆ. ಆತ ತಾನೇ ಮುನಿಯಮ್ಮನ ಹತ್ತಿರ ಹೋಗಿ ತೋಳಿನತ್ತ ಬೆರಳು ತೋರಿ, ತೆಗೆ ಎಂದು ಸನ್ನೆ ಮಾಡಿದ.

"ಬೆರಳೆಲ್ಲ ಚುಚ್ಕೊಂಡು ಹೊಲ್ದಿದೀನಿ ಕಣಪ್ಪ. ಬೇಕಂದ್ರೆ ನಿಮ್ಮವ್ವನ್ನ ನಿಲ್ಸಿ ಚಿತ್ರ ತಕ್ಕೋ ಹೋಗು!" ಎಂದಳು ಮುನಿಯಮ್ಮ.

ಪಕ್ಕದವಳೊಬ್ಬಳು ನನ್ನನ್ನು ಕೂಗಿದಳು: "ಆಯಪ್ಪನ ತಾತ ಪ್ಯಾಂಟು ಹಾಕ್ತಿದ್ನಾ, ಕೇಳಮ್ಮಯ್ಯ!"

ಕಣವೆಲ್ಲ ನಕ್ಕಿತು. ಹೆಂಗಸರು ಮೊರ ಕೆಳಗಿಟ್ಟು ಕುಳಿತೇಬಿಟ್ಟರು. ಚಿತ್ರದವರು ಗೊಣಗುತ್ತ ಬೇರೆ ಊರಿಗೆ ಹೋದರು.

ಮರುವರ್ಷ ಚಿಂತಾಮಣಿಯಲ್ಲಿ ಪರದೆ ಕಟ್ಟಿ ಆ ಚಿತ್ರ ತೋರಿಸಿದರು. ಯಾರೋ ಬಡಕಲು ಮುದುಕಿ, ಬರಿಯ ಭುಜ, ಕ್ಯಾಮೆರಾಕ್ಕೆ ಮುಖ ಕೊಡದೆ ರಾಗಿ ತೂರುತ್ತಿದ್ದಳು. "ನಾಗರಿಕತೆಯ ಸೋಂಕಿಲ್ಲದ ಮುಗ್ಧ ಜನ" ಎಂದಿತು ಹಿನ್ನೆಲೆಯ ದನಿ. ಮುಂದಿನ ಕುರ್ಚಿಗಳವರು ಚಪ್ಪಾಳೆ ತಟ್ಟಿದರು. ನಾನು ಎದ್ದು ಹೊರಗೆ ಬಂದೆ. ಆ ಮುದುಕಿಯ ಪರವಾಗಿ ಬೇಡ ಎನ್ನಲು ಅವಳ ಊರಿನಲ್ಲಿ ಯಾರೂ ಇರಲಿಲ್ಲವೇನೋ.

ಹಳೆಯದೇ ಚೆಂದ ಎನ್ನುವವರು ಅದನ್ನು ತಾವು ಉಡುವುದಿಲ್ಲ. ನನ್ನ ಕೆಲಸ ನನಗೆ ಕಲಿಸಿದ್ದು ಇಷ್ಟು. ಆ ಚಿತ್ರ ಯಾವುದೋ ಡಬ್ಬಿಯಲ್ಲಿ ಭದ್ರವಾಗಿದ್ದೀತು. ಬೇಡ ಎಂದ ಮುನಿಯಮ್ಮ ಅದರಲ್ಲಿಲ್ಲ, ಈ ಹಾಳೆಗಳಲ್ಲಿ ಮಾತ್ರ ಇದ್ದಾಳೆ. ಗೆದ್ದಲಿಗೆ ಬಿಡಬೇಡಿ, ಮಕ್ಕಳೇ.