ಅಡುಗೆಮನೆಗೆ ಕೇಳಿಸಿದ ಎರಡು ದನಿ

ನನ್ನ ಎಂ.ಎ. ಪ್ರಬಂಧದ ಕರಡಿನ ಇಪ್ಪತ್ತಮೂರನೇ ಪುಟದ ಬಲ ಅಂಚಿನಲ್ಲಿ ರೂಪಾಯಿ ನಾಣ್ಯದಷ್ಟು ಅಗಲದ ಎಣ್ಣೆಯ ಕಲೆಯಿದೆ. ಗೋಳಿಬಜೆಯ ಎಣ್ಣೆ. ಆ ಹಾಳೆಯನ್ನು ನಾನು ಎಸೆದಿಲ್ಲ.

ಎರಡು ವರ್ಷದ ಹಿಂದಿನ ಜನವರಿ. ಪರದೇಶದ ಚಳಿಯಲ್ಲಿ, ಎಜ್‌ವೇರ್‌ನ ಸಣ್ಣ ಫ್ಲ್ಯಾಟಿನಲ್ಲಿ ಒಬ್ಬಳೇ ಇದ್ದೆ. ಪ್ರಬಂಧ ಒಪ್ಪಿಸಲು ಐದು ದಿನ ಉಳಿದಿತ್ತು. ಒಮ್ಮೆ ಗಡುವು ಮುಂದೂಡಿಸಿಕೊಂಡಿದ್ದರಿಂದ ಇನ್ನೊಂದು ಅವಕಾಶವಿರಲಿಲ್ಲ. ನನ್ನ ವಿಷಯ ಮಹಾಯುದ್ಧದ ನಂತರದ ಇಟಲಿಯ ಒಬ್ಬ ಸಿನಿಮಾ ನಟ. ಪಾದ್ರಿ, ಮೋಸಗಾರ, ವಿಧುರ, ಪೊಲೀಸ್ ಪೇದೆ, ಯಾವ ಪಾತ್ರ ಕೊಟ್ಟರೂ ಮಾಡಿದವರು. ಮುಂದೆ ಚಿತ್ರಕಥೆಗಳನ್ನೂ ಬರೆದರು. ಪಾತ್ರಕ್ಕೆ ತಕ್ಕಂತೆ ದನಿಯನ್ನೇ ಬದಲಿಸುವುದು ಅವರ ದೊಡ್ಡ ಶಕ್ತಿ ಎಂದು ನಾನು ಇಡೀ ಮೂರನೇ ಅಧ್ಯಾಯ ಬರೆದಿದ್ದೆ.

ಆ ಭಾನುವಾರ ಬೆಳಗ್ಗೆ ಮನೆಯನ್ನು ಬೆಚ್ಚಗಿಡುವ ಬಾಯ್ಲರ್ ಕೆಟ್ಟಿತು. ರಿಪೇರಿಯವರು ಬರುವುದು ಸೋಮವಾರವೇ ಎಂದರು. ಬೆಚ್ಚಗಿನ ಜಾಗ ಹುಡುಕಿಕೊಂಡು ಹೊರಟವಳಿಗೆ ಲಿಫ್ಟಿನಲ್ಲಿ ಕೆಳಗಿನ ಮನೆಯ ಲಿಲ್ಲಿ ಆಂಟಿ ಸಿಕ್ಕಿದರು. ಮೂಡುಬಿದಿರೆ ಕಡೆಯವರು, ನಿವೃತ್ತ ನರ್ಸ್ ಎಂದಷ್ಟೇ ಗೊತ್ತಿತ್ತು. ಹನ್ನೊಂದು ತಿಂಗಳಲ್ಲಿ ನಾನು ಅವರಿಗೆ ಕೊಟ್ಟದ್ದು ಮುಗುಳ್ನಗು ಮಾತ್ರ. ವಿಷಯ ತಿಳಿದವರೇ ನನ್ನ ಲ್ಯಾಪ್‌ಟಾಪ್ ಚೀಲವನ್ನು ಹೆಗಲಿಗೆ ಹಾಕಿಕೊಂಡು ಮುಂದೆ ನಡೆದರು. ಬೇರೆಯವರ ಮನೆಯಲ್ಲಿ ಕುಳಿತು ಕೆಲಸ ಮಾಡುವುದು ನನಗೆ ಒಗ್ಗುವುದಿಲ್ಲ. ಆದರೂ ಹಿಂದೆಯೇ ಹೋದೆ.

ನೋಡಬೇಕಾದ್ದು ಇಟಾಲಿಯನ್ ಸಿನಿಮಾ ಎಂದು ಹೇಳಿ ಇಯರ್‌ಫೋನ್ ಹಾಕಿಕೊಳ್ಳಲು ಹೋದರೆ ಬೇಡವೆಂದರು. ಮದುವೆಗೆ ಮುಂಚೆ ಹದಿನಾಲ್ಕು ವರ್ಷ ರೋಮಿನ ಆಸ್ಪತ್ರೆಯೊಂದರಲ್ಲಿ ಇದ್ದರಂತೆ. ಆ ಭಾಷೆ ಕೇಳಿ ಬಹಳ ಕಾಲವಾಯಿತಂತೆ. ನನಗೆ ಇಟಾಲಿಯನ್ ಓದಲು ಬರುತ್ತದೆ, ಆಡುವ ಮಾತು ಹಿಡಿಯಲಾಗುವುದಿಲ್ಲ. ಸಿನಿಮಾ ನೋಡುತ್ತಿದ್ದುದು ಸಬ್‌ಟೈಟಲ್ ನಂಬಿಕೊಂಡು. ಅವರು ಒಳಗೆ ಅಡುಗೆಮನೆಯಲ್ಲಿ ಗೋಳಿಬಜೆ ಕರಿಯುತ್ತಿದ್ದರು. ನಾನು ಅಧ್ಯಾಯಕ್ಕೆ ಆರಿಸಿದ್ದ ದೃಶ್ಯಗಳನ್ನು ಒಂದೊಂದಾಗಿ ಹಾಕಿ ನೋಡುತ್ತಿದ್ದೆ.

ತಟ್ಟೆ ತಂದಿಡುತ್ತಾ ಕೇಳಿದರು, "ಇಬ್ಬರಲ್ಲಿ ನೀನು ಬರೆಯುದು ಯಾರ ಬಗ್ಗೆ?"

"ಇಬ್ಬರಲ್ಲ ಆಂಟಿ, ಒಬ್ಬರೇ. ಪಾತ್ರಕ್ಕೆ ತಕ್ಕ ಹಾಗೆ ದನಿ ಬದಲಾಯಿಸ್ತಾರೆ."

"ಹೋಗು ಮಾರಾಯ್ತಿ. ದನಿ ಬದಲಿಸಬಹುದು, ಕೆಮ್ಮು? ವಾರ್ಡಿನಲ್ಲಿ ಕೆಮ್ಮು ಕೇಳಿಯೇ ಯಾವ ಬೆಡ್ಡು ಅಂತ ಹೇಳ್ತಿದ್ದೆ ನಾನು. ಇದರಲ್ಲಿ ಕೆಮ್ಮಿದ್ದು ಎರಡು ಥರ, ಇವರು ಇಬ್ಬರು."

ಅವರು ಪರದೆ ನೋಡಿಯೇ ಇರಲಿಲ್ಲ. ನಾನು ಮುಖ ನೋಡುತ್ತಿದ್ದೆ.

ಆ ಕಾಲದ ಇಟಲಿಯಲ್ಲಿ ಮಾತನ್ನು ಚಿತ್ರೀಕರಣದ ನಂತರ ಸೇರಿಸುತ್ತಿದ್ದರೆಂದು ಓದಿದ್ದೆ. ಅಷ್ಟು ದೊಡ್ಡ ನಟ ತಮ್ಮ ಮಾತನ್ನು ತಾವೇ ಸೇರಿಸಿರುತ್ತಾರೆ ಎಂದು ಭಾವಿಸಿದ್ದೆ. "ನಮ್ಮ ಸಿನಿಮಾದ ಹೀರೋಯಿನ್‌ಗಳಿಗೆ ಬೇರೆಯವರು ಮಾತಾಡುದಿಲ್ವಾ? ಹಾಗೆಯೇ ಇದು," ಎಂದರು ಆಂಟಿ. ಚಿಕ್ಕಂದಿನಿಂದ ಕನ್ನಡ ಸಿನಿಮಾ ನೋಡಿದವಳಿಗೆ ಅದು ಹೊಳೆದಿರಲಿಲ್ಲ. ಇಪ್ಪತ್ತು ಪುಟ ಯಾರದೋ ದನಿಯನ್ನು ಹೊಗಳಿದ್ದೆ. ಕೈಯಲ್ಲಿದ್ದ ಗೋಳಿಬಜೆ ಮುಂದಿದ್ದ ಕರಡಿನ ಹಾಳೆಯ ಮೇಲೆ ಬಿತ್ತು.

ಸಬ್‌ಟೈಟಲ್ ಇಲ್ಲವೆಂದು ಬಿಟ್ಟಿದ್ದ ಒಂದು ಹಳೆಯ ಟೀವಿ ಸಂದರ್ಶನ ನನ್ನ ಬಳಿ ಇತ್ತು. ಅದನ್ನು ಹಾಕಿದೆ. ಆಂಟಿ ಕೈ ಒರೆಸಿಕೊಂಡು ಪಕ್ಕದಲ್ಲಿ ಕುಳಿತು, ನಿಲ್ಲಿಸಿ ನಿಲ್ಲಿಸಿ ಕೇಳಿ, ಕನ್ನಡದಲ್ಲಿ ಹೇಳುತ್ತಾ ಹೋದರು. ನಟರಿಗೆ ಆಗ ವಯಸ್ಸಾಗಿತ್ತು. ಆ ದನಿ ಮೊದಲಿನ ಎರಡೂ ದನಿಗಳಿಗಿಂತ ತೆಳ್ಳಗಿತ್ತು. ಒಂದು ಕಡೆ ಆಂಟಿ ವಾಕ್ಯವನ್ನು ಎರಡು ಸಲ ಕೇಳಿದರು.

"ನನ್ನ ದನಿ ಚಂದ ಇಲ್ಲ ಅಂತ ಬೇರೆಯವರದ್ದು ಹಾಕಿದರು ಅಂತಾನೆ. ಅದಕ್ಕೇ ಬರೆಯಲಿಕ್ಕೆ ಶುರು ಮಾಡಿದ್ದಂತೆ. ನನ್ನ ಬಾಯಲ್ಲಿ ಯಾರೇ ಮಾತಾಡಲಿ, ಮಾತಾದರೂ ನನ್ನದಾಗಿರಲಿ ಅಂತ."

ನಟನೆಯ ಅಧ್ಯಾಯಕ್ಕೂ ಬರವಣಿಗೆಯ ಅಧ್ಯಾಯಕ್ಕೂ ನಡುವೆ ಕೊಂಡಿ ಸಿಗದೆ ನಾನು ತಿಂಗಳುಗಟ್ಟಲೆ ಒದ್ದಾಡಿದ್ದೆ. ಥ್ಯಾಂಕ್ಸ್ ಎಂದೆ. ಸಾಲದೆನಿಸಿತು. ಆಂಟಿ ಉಳಿದ ಗೋಳಿಬಜೆಯನ್ನು ಡಬ್ಬಿಗೆ ಹಾಕಿಕೊಟ್ಟರು.

ಆ ವಾರ ಮೂರನೇ ಅಧ್ಯಾಯವನ್ನು ಮೊದಲಿನಿಂದ ಬರೆದು, ಗಡುವಿನೊಳಗೆ ಒಪ್ಪಿಸಿದೆ. ಈಗಲೂ ಸಿನಿಮಾ ನೋಡುವಾಗ ಒಮ್ಮೆಯಾದರೂ ಕಣ್ಣು ಮುಚ್ಚಿ ಕೇಳುತ್ತೇನೆ. ಆದರೆ ನನಗೆ ಹೆಚ್ಚು ನೆನಪಾಗುವುದು ಆ ಸೋಮವಾರದ ಬೆಳಗು. ರಿಪೇರಿಯವರು ಒಂಬತ್ತಕ್ಕೇ ಬಂದು ಬಾಯ್ಲರ್ ಸರಿಮಾಡಿ ಹೋದರು. ಅರ್ಧ ಗಂಟೆಯಲ್ಲಿ ಕೋಣೆ ಬೆಚ್ಚಗಾಯಿತು. ನಾನು ತೊಳೆದ ಡಬ್ಬಿಯನ್ನೂ ಲ್ಯಾಪ್‌ಟಾಪನ್ನೂ ಎತ್ತಿಕೊಂಡು ಕೆಳಗಿಳಿದು ಆಂಟಿಯ ಬಾಗಿಲು ತಟ್ಟಿದೆ.