ಸುಣ್ಣದ ಡಬ್ಬಿಯ ಸೆವ್ರಿನ್ ಟೀಚರ್

ಸೆವ್ರಿನ್ ಟೀಚರ್ ಇತಿಹಾಸದ ಪಾಠಕ್ಕೆ ಪುಸ್ತಕ ತರುತ್ತಿರಲಿಲ್ಲ. ಕಬಡ್ಡಿ ಅಂಕಣಕ್ಕೆ ಗೆರೆ ಎಳೆಯುವ ಸುಣ್ಣದ ಡಬ್ಬಿ ಹಿಡಿದು ಬರುತ್ತಿದ್ದರು. ಐದಡಿಯೂ ಇಲ್ಲದ ದೇಹ, ಗಂಟಲು ಮಾತ್ರ ನಮ್ಮೂರು ಶಿರ್ವದ ಚರ್ಚಿನ ಗಂಟೆ.

ಈ ಅಭ್ಯಾಸ ಶುರುವಾದದ್ದು ನನ್ನ ಕೊಬ್ಬಿನಿಂದ. ಏಳನೇ ಕ್ಲಾಸಿನಲ್ಲಿ ಸಹಪಾಠಿ ಜೂಲಿಯೆಟ್ ಜೊತೆ ಜಗಳವಾಡುವಾಗ, "ನೀವು ಕೊಂಕಣಿಯವರು ಹೊರಗಿನಿಂದ ಬಂದವರು, ಊರು ನಮ್ಮ ತುಳುವರದ್ದು" ಎಂದುಬಿಟ್ಟಿದ್ದೆ. ಟೀಚರ್ ಕೇಳಿಸಿಕೊಂಡರು, ಬೈಯಲಿಲ್ಲ. ಮರುದಿನ ನೋಡಿದರೆ ಮೈದಾನದ ತುಂಬ ಭಾರತದ ನಕ್ಷೆ! ವಾಯವ್ಯ ಮೂಲೆಯಾಚೆ, ಆರ್ಯರು ಹೊರಟ ಮಧ್ಯ ಏಷ್ಯಾದ ಹುಲ್ಲುಗಾವಲಿನಿಂದ ಜೂಲಿಯೆಟ್ ಹೊರಡಬೇಕು. ಸಿಂಧೂ, ಗಂಗೆ, ಗೋವಾ, ಕೊನೆಗೆ ಶಿರ್ವ.

"ನಡಿ, ನಡಿ! ದನ, ಕುದುರೆ, ಮಕ್ಕಳು, ಎಲ್ಲ ಕಟ್ಟಿಕೊಂಡು ನಡಿ. ನೂರು ತಲೆಮಾರಿನ ದಾರಿ ಉಂಟು. ಜನರೊಟ್ಟಿಗೆ ಮಾತೂ ನಡೆದೇ ಬಂದದ್ದು, ಕೊಂಕಣಿಯೂ ಹಾಗೇ, ಅಲ್ವಾ?"

ನಾನು ಕರಾವಳಿಯಲ್ಲಿ ಎದೆಯುಬ್ಬಿಸಿ ನಿಂತಿದ್ದೆ. ಟೀಚರ್ ನನ್ನತ್ತ ತಿರುಗಿದರು.

"ನಿನ್ನದೆಂತ ಜಂಬ ಮಾರಾಯ್ತಿ? ನಿನ್ನವರೂ ಹೊರಗಿನಿಂದಲೇ, ಸ್ವಲ್ಪ ಮೊದಲು ಬಂದರು, ಅಷ್ಟೆ. ನೀನೂ ನಡಿ!"

ನಕ್ಷೆಯಾಚೆಗೆ ಹೋಗಿ ಅಲ್ಲಿಂದ ನಾನೂ ನಡೆದೆ. ನಾಚಿಕೆಯಿಂದ ಕಿವಿ ಸುಡುತ್ತಿತ್ತು. ಅರ್ಧ ದಾರಿಯಲ್ಲಿ ಜೂಲಿಯೆಟ್ ನನ್ನ ಕೈ ಹಿಡಿದುಕೊಂಡಳು.

ಮುಂದೆ ಹಲವು ವರ್ಷ ಆ ಪಾಠ ಹಾಗೇ ನಡೆಯಿತು. ನಿವೃತ್ತಿಗೆ ಎರಡು ವರ್ಷ ಇರುವಾಗ ಶಾಲೆಯ ಆಡಳಿತ ಸಮಿತಿಯವರು ಟೀಚರನ್ನು ಕರೆದರಂತೆ. "ಆರ್ಯರು ಎಲ್ಲಿಂದಲೂ ಬಂದದ್ದಲ್ಲ. ತಪ್ಪು ಪಾಠ ಮಾಡಿದೆ ಅಂತ ಬರೆದುಕೊಡಿ, ಇಲ್ಲದಿದ್ದರೆ ಕೆಲಸ ಬಿಡಿ."

"ನಾನೇ ಕೊಂಕಣಿಯವಳು, ಬಂದವರ ಪೈಕಿ. ಹೇಳ್ಲಿಕ್ಕೆ ನನಗೆ ನಾಚಿಕೆ ಇಲ್ಲ, ಕೇಳ್ಲಿಕ್ಕೆ ನಿಮಗೆಂತ ಕಷ್ಟ?"

ಬರೆದುಕೊಟ್ಟದ್ದು ರಾಜೀನಾಮೆ. ಹೊರಡುವ ಮೊದಲು ಮೈದಾನದಲ್ಲಿ ಇನ್ನೊಮ್ಮೆ ನಕ್ಷೆ ಬರೆದೇ ಹೋದರು. ಛಲ ಎಂದರೆ ಅದು!

ನಾನೀಗ ಸಂತೆಕಟ್ಟೆಯ ಹತ್ತಿರದ ಒಂದು ಶಾಲೆಯಲ್ಲಿ ಇತಿಹಾಸದ ಟೀಚರ್. ಈ ವರ್ಷ ನಮ್ಮ ಹೆಡ್‌ಮಾಸ್ಟರರೂ "ಆ ಪಾಠ ಬಿಟ್ಟುಬಿಡಿ, ಸುಮ್ಮನೆ ತಲೆನೋವು" ಎಂದರು. ನನ್ನ ಕೆಲಸ ಇನ್ನೂ ಖಾಯಂ ಆಗಿಲ್ಲ. ಹೆದರಿ, ಹಾಸಿಗೆ ಹಿಡಿದಿದ್ದ ಟೀಚರನ್ನು ನೋಡಲು ಶಿರ್ವಕ್ಕೆ ಹೋಗಿ ವಿಷಯ ಹೇಳಿದೆ.

"ಹೆಡ್‌ಮಾಸ್ಟರರಿಗೆ ನೀನೆಂತ ಹೇಳಿದಿ?"

"ಎಂತದೂ ಹೇಳ್ಲಿಲ್ಲ, ಟೀಚರ್" ಎಂದೆ.

ಅವರ ಗಂಟಲು ಸೋತಿತ್ತು, ಕಣ್ಣು ಸೋತಿರಲಿಲ್ಲ. "ಶಾಲೆಯಲ್ಲಿ ಸುಣ್ಣ ಉಂಟಾ?" ಎಂದು ಕೇಳಿದರು. ಉಂಟು ಎಂದೆ. ಅದೇ ವಾರ ತೀರಿಕೊಂಡರು.

ಮಣ್ಣು ಕೊಟ್ಟು ಬಂದ ಮರುದಿನ ಮಕ್ಕಳನ್ನೆಲ್ಲ ಮೈದಾನಕ್ಕೆ ಕರೆದೆ. ಹೆಡ್‌ಮಾಸ್ಟರರು ಜಗಲಿಯಿಂದಲೇ ಕೂಗಿದರು, "ಎಂತ ಟೀಚರ್, ಕಬಡ್ಡಿಯಾ?"

"ಅಲ್ಲ ಸರ್, ಪಾಠ" ಎಂದೆ. ಸುಣ್ಣದ ಡಬ್ಬಿ ಬಗ್ಗಿಸಿದೆ. ವಾಯವ್ಯ ಮೂಲೆಯಿಂದ ಗೆರೆ ಎಳೆಯಲು ಶುರುಮಾಡಿದೆ.