ಸವಾಲು ಕೂಗುವವರ ದನಿ

ನನ್ನದು ಮೆಝೋ ಸೊಪ್ರಾನೋ. ಹೆಂಗಸರ ದನಿಗಳಲ್ಲಿ ನಡುವಿನದು, ಸ್ವಲ್ಪ ಕೆಳಕ್ಕೆ ವಾಲಿದ್ದು. ನಾರಾಯಣಪೇಟದಲ್ಲಿ ಅದನ್ನು ಗಂಡುದನಿ ಎನ್ನುತ್ತಿದ್ದರು. ಮದುವೆಮನೆಯಲ್ಲಿ ಹೆಂಗಸರು ಹಾಡಲು ಕೂತಾಗ ನನ್ನ ಶ್ರುತಿ ಅವರದಕ್ಕೆ ಕೂಡುತ್ತಿರಲಿಲ್ಲವಾದ್ದರಿಂದ ನನಗೆ ಅಕ್ಷತೆ ಹಂಚುವ ಕೆಲಸ ಬರುತ್ತಿತ್ತು. ಗದ್ವಾಲದ ಹಾಸ್ಟೆಲಿನಲ್ಲಿದ್ದು ಕಾಲೇಜು ಓದುವಾಗ, ಪಕ್ಕದ ಚರ್ಚಿನಲ್ಲಿ ಹಾಡು ಕಲಿಸುತ್ತಿದ್ದ ಮೇಡಂ ನನ್ನನ್ನು ಹಿಂದಿನ ಸಾಲಿಗೆ ಕರೆದು ಕೆಳಗಿನ ಸ್ವರಗಳ ಭಾಗ ಕೊಟ್ಟರು. ಅಲ್ಲಿಂದ ಹೈದರಾಬಾದು, ವಿದ್ಯಾರ್ಥಿವೇತನದ ಮೇಲೆ ಜರ್ಮನಿ, ಕಡೆಗೆ ಅಲ್ಲಿನ ಒಂದು ಸಣ್ಣ ಊರಿನ ಒಪೆರಾ ಮಂದಿರದಲ್ಲಿ ಸಂಬಳದ ಕೆಲಸ.

ಒಪೆರಾ ಎಂದರೆ ಮಾತಿನ ಬದಲು ಹಾಡಿನಲ್ಲೇ ನಡೆಯುವ ನಾಟಕ. ಪ್ರೀತಿಸಿ ಸಾಯುವ ನಾಯಕಿ ಹೆಚ್ಚಾಗಿ ಎತ್ತರದ ದನಿಯವಳು. ನಮ್ಮಂಥವರಿಗೆ ದಾದಿ, ಮಾಟಗಾತಿ, ಮನೆಯಾಳು, ಇಲ್ಲವೇ ಹುಡುಗನ ವೇಷ. ನಾನು ಕಳಿಸಿದ ವಿಡಿಯೋ ನೋಡಿ ಅವ್ವ ಫೋನು ಮಾಡಿದ್ದಳು.

"ಅಷ್ಟು ದೂರ ಹೋಗಿ ಬರೇ ಮಂದಿ ಮನಿ ಆಳಾಗಿ ನಿಂದ್ರತಿಯಲ್ಲ. ಒಮ್ಮೆರ ರಾಣಿ ಪಾತ್ರ ಕೊಡಬಾರದೇನು ನಿನಗ?"

"ಕೊಡ್ತಾರವ್ವಾ, ಕೆಟ್ಟ ರಾಣಿದು."

ಹೊಸ ನಿರ್ದೇಶಕರು ಬಂದ ವರ್ಷ ನನ್ನ ಕರಾರು ಮುಂದುವರಿಯಲಿಲ್ಲ. ಹಾಡಿಕೆಯಲ್ಲಿ ತಪ್ಪೇನಿಲ್ಲ, ತಮಗೆ ಬೇರೆ ಬಗೆಯ ದನಿ ಬೇಕಾಗಿದೆ ಎಂದರು. ಕೈಕುಲುಕಿ ಹೊರಬಂದೆ. ಬೇರೆ ಊರುಗಳಲ್ಲಿ ಕೆಲಸ ಹುಡುಕಿದೆ, ಸಿಗಲಿಲ್ಲ. ಹೈದರಾಬಾದಿಗೆ ಮರಳಿ ಹಾಡುವುದನ್ನು ಕಲಿಸತೊಡಗಿದೆ. ಶನಿವಾರ, ಭಾನುವಾರ ನಾರಾಯಣಪೇಟದ ಮನೆಗೆ ಬರುತ್ತಿದ್ದೆ.

ಅಂಥ ಒಂದು ಶನಿವಾರ ಅಣ್ಣ ಒಬ್ಬರನ್ನು ಕರೆತಂದ. ಧಾನ್ಯದ ಮಾರುಕಟ್ಟೆಗೆ ನಮ್ಮಲ್ಲಿ ಗಂಜ್ ಎನ್ನುತ್ತಾರೆ. ಅಣ್ಣನಿಗೆ ಅಲ್ಲಿ ರೈತರ ಮಾಲು ಮಾರಿಸಿಕೊಡುವ ಅಡತಿ ಅಂಗಡಿ ಇದೆ. ಬಂದವರು ಮಕ್ತಲಿನವರು, ನಮಗಿಂತ ಹಿರಿಯರು, ಗಂಜಿನ ಹರಾಜಿನಲ್ಲಿ ಸವಾಲು ಕೂಗುವವರು. ತೊಗರಿಯ ರಾಶಿಯಿಂದ ರಾಶಿಗೆ ನಡೆಯುತ್ತ, ವ್ಯಾಪಾರಿಗಳು ಏರಿಸುವ ಬೆಲೆಯನ್ನು ತೆಲುಗು, ಕನ್ನಡ ಕಲೆಸಿ ಎಲ್ಲರಿಗೂ ಕೇಳುವಂತೆ ಕೂಗುವುದು ಅವರ ಕೆಲಸ. ಈಗ ಅವರ ಬಾಯಿಂದ ದನಿಗಿಂತ ಗಾಳಿಯೇ ಹೆಚ್ಚು ಬರುತ್ತಿತ್ತು. ಗಂಟಲೊಳಗೆ ಸಣ್ಣ ಗಂಟಾಗಿದೆ, ಕೂಗುವುದು ನಿಲ್ಲಿಸಿ ದನಿಯ ಅಭ್ಯಾಸ ಮಾಡಿದರೆ ಆಪರೇಷನ್ ಬೇಕಾಗಲಿಕ್ಕಿಲ್ಲ ಎಂದು ರಾಯಚೂರಿನ ಡಾಕ್ಟರೊಬ್ಬರು ಹೇಳಿದ್ದರಂತೆ.

"ನಾ ಹಾಡು ಕಲಿಯಾಕ ಬಂದಿಲ್ಲ ಯವ್ವಾ" ಎಂದರು ಮೊದಲಿಗೇ. "ಸವಾಲು ಕೂಗಾಕ ಬಂದ್ರ ಸಾಕು."

"ಎರಡೂ ಒಂದ ಗಂಟಲದಾಗಿಂದ ಬರ್ತಾವ್ರಿ ಕಾಕಾ. ಮೊದಲು ಸುಮ್ಮನ ಉಸಿರು ಬಿಡ್ರಿ."

ಗಂಟಲನ್ನು ಒತ್ತಿ ಕೂಗಿ ರೂಢಿಯಾದವರಿಗೆ ಅದನ್ನು ಬಿಡಿಸುವುದು ಕಷ್ಟ. ಪಕ್ಕೆಲುಬು ಅಗಲಿಸಿ ಉಸಿರು ತೆಗೆದುಕೊಳ್ಳುವುದು, ತುಟಿ ಮುಚ್ಚಿ ಮೆಲ್ಲಗೆ ಗುನುಗುವುದು, ಇಷ್ಟರಲ್ಲೇ ವಾರಗಳು ಹೋದವು. ತುಟಿಯನ್ನು ಬುರ್ರ್ ಎಂದು ಅದುರಿಸುವ ಪಾಠ ಬಂದಾಗ ಅಡುಗೆಮನೆಯಲ್ಲಿ ಅವ್ವ ನಕ್ಕಳು. ಅವರು ಮುಖ ಬಿಗಿದುಕೊಂಡು ಎದ್ದು ಹೊರಟರು. ಬಾಗಿಲಲ್ಲಿ ಚಪ್ಪಲಿ ಮೆಟ್ಟಿದವರು ಅಲ್ಲೇ ನಿಂತು, "ಅಕ್ಕಾರಿಗೂ ಕಲಿಸು ಇದನ್ನ. ನನಗ ಒಬ್ಬಂಗ ನಾಚಿಕಿ ಆಗ್ತದ" ಎಂದರು. ಅವ್ವ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಂದು ಕೂತಳು. ಇಬ್ಬರೂ ಎದುರುಬದುರು ಕೂತು ತುಟಿ ಅದುರಿಸಿದರು.

ಚಳಿಗಾಲ ಮುಗಿಯುವಷ್ಟರಲ್ಲಿ ದನಿ ಬಹುಪಾಲು ಮರಳಿತು. ಅಷ್ಟು ಹೊತ್ತಿಗೆ ಗಂಜಿನಲ್ಲಿ ಸವಾಲೇ ನಿಂತಿತ್ತು. ವ್ಯಾಪಾರಿಗಳು ಫೋನಿನಲ್ಲೇ ಬೆಲೆ ಹಾಕುತ್ತಿದ್ದರು, ಗೋಡೆಯ ಮೇಲಿನ ಪರದೆ ಅದನ್ನು ತೋರಿಸುತ್ತಿತ್ತು. ಆ ಸುದ್ದಿ ಬಂದ ಶನಿವಾರವೂ ಅವರು ಎಂದಿನ ಬಸ್ಸಿಗೇ ಬಂದರು.

"ಇನ್ನ ಕೂಗೋ ಮನಿಷಾ ಬ್ಯಾಡಂತ. ದನಿ ಬಂತು, ಕೆಲಸ ಹೋತು" ಎಂದು ನೀರು ಕುಡಿದು ಲೋಟ ಕೆಳಗಿಟ್ಟರು. "ನಿನಗೂ ಹಿಂಗ ಆಗಿತ್ತಂತಲ್ಲ, ನಿಮ್ಮಣ್ಣ ಹೇಳಿದ. ನೀ ಏನು ಮಾಡಿದಿ?"

"ಭಾಳ ದಿನ ಬಾಯಿ ತೆಗೀಲಿಲ್ರಿ. ಆಮ್ಯಾಲ ಕಲಿಸಾಕ ಶುರು ಮಾಡಿದೆ."

"ಆದ್ರ ನೀ ಹಾಡಿದ್ದು ನಾವು ಕೇಳೇ ಇಲ್ಲಲ್ಲ. ಅಲ್ಲಿ ಏನು ಹಾಡ್ತಿದ್ದಿ, ಅದನ್ನ ಹಾಡು."

ಪಾಠಕ್ಕೆಂದು ಸ್ವರ ತೋರಿಸುತ್ತಿದ್ದೆನೇ ಹೊರತು, ಕರಾರು ಮುಗಿದ ಮೇಲೆ ಯಾರ ಮುಂದೆಯೂ ಒಂದು ಹಾಡನ್ನು ಪೂರ್ತಿ ಹಾಡಿರಲಿಲ್ಲ. ದಾದಿಯೊಬ್ಬಳು ಬೇರೆಯವರ ಮಗುವನ್ನು ಮಲಗಿಸುವ ಹಾಡೊಂದು ಮೊದಲು ನೆನಪಿಗೆ ಬಂತು. ನಿಂತು ಹಾಡಿದೆ. ಮೇಲಿನ ಸ್ವರಗಳು ಮೊದಲಿನಂತೆ ಇರಲಿಲ್ಲ. ಕೆಳಗಿನವು ಚೆನ್ನಾಗಿಯೇ ಇದ್ದವು. ಅವ್ವ ಕೈಯಲ್ಲಿನ ಸೌಟು ಹಿಡಿದುಕೊಂಡೇ ಕೊನೆಯವರೆಗೂ ನಿಂತಿದ್ದಳು.

"ಮಾತು ತಿಳೀಲಿಲ್ಲ" ಎಂದರು ಕಾಕಾ. "ದನಿ ಮಾತ್ರ ಕಡೀ ರಾಶಿ ಮಟ ಮುಟ್ಟತದ."

ಜರ್ಮನಿಯ ಪತ್ರಿಕೆಗಳಲ್ಲಿ ನನ್ನ ಬಗ್ಗೆ ಬಂದದ್ದು ಒಂದೆರಡು ಸಾಲು, ಅದೂ ಅಲ್ಲೊಂದು ಇಲ್ಲೊಂದು. ಅವಕ್ಕಿಂತ ಈ ಮಾತು ನನಗೆ ಹೆಚ್ಚು ಖುಷಿ ಕೊಟ್ಟಿತು.

ಗಂಜಿನವರು ಅವರಿಗೆ ಗೇಟಿನಲ್ಲಿ ಮಾಲಿನ ಗಾಡಿಗಳಿಗೆ ಟೋಕನ್ ಕೊಡುವ ಕೆಲಸ ಕೊಟ್ಟರು. ದನಿಗೆ ಹಳೆಯ ಜೋರು ಮರಳಲಿಲ್ಲ. ಸೋಮವಾರಗಳಂದು ಮಕ್ತಲಿನ ಭಜನೆಯಲ್ಲಿ ಹಾಡುತ್ತಾರೆ, ಗಂಟಲು ಕಟ್ಟುವುದಿಲ್ಲ. ಮೊನ್ನೆ ಆ ಊರಿನ ಶಾಲೆಯ ಇಬ್ಬರು ಟೀಚರುಗಳನ್ನು ನನ್ನಲ್ಲಿಗೆ ಕರೆತಂದಿದ್ದರು. ಪಾಠ ಹೇಳಿ ಹೇಳಿ ಇಬ್ಬರ ದನಿಯೂ ಒಡೆದಿತ್ತು. ನಾನು ಬಾಯಿ ತೆರೆಯುವ ಮೊದಲೇ ಕಾಕಾ ಅವರಿಗೆ ಹೇಳುತ್ತಿದ್ದರು: "ಭುಜ ಇಳಿಸ್ರಿ ಮೇಡಂ. ಮೊದಲು ಉಸಿರು."